ಸತ್ಯ ಎಂದರೇನು? 2 ಅಂಕ

ಕಳೆದ ತಿಂಗಳು ಮಗಳ ಮೌಲ್ಯ ಶಿಕ್ಷಣದ ಟೆಸ್ಟ್ ಪೇಪರ್ ಮನೆಗೆ ಬಂತು. ಅವಳು ಎಂಟನೇ ಕ್ಲಾಸು. ಮೂರನೇ ಪ್ರಶ್ನೆ: ‘ಸತ್ಯ ಎಂದರೇನು? 2 ಅಂಕ.’ ಅವಳು ಬರೆದದ್ದು ಇಷ್ಟು. ಅಜ್ಜಿಗೆ ಕಾಯಿಲೆ ಜೋರಾದಾಗ ಮನೆಯವರೆಲ್ಲ ಸೇರಿ ಅಜ್ಜಿಯ ಹತ್ತಿರ ‘ಏನೂ ಇಲ್ಲ, ಸರಿಯಾಗ್ತದೆ’ ಅಂತ ಹೇಳಿದೆವು, ಅದು ಸುಳ್ಳಾ ಅಲ್ವಾ ಅಂತ ನನಗೆ ಇನ್ನೂ ಗೊತ್ತಾಗಿಲ್ಲ. ಅದರ ಮೇಲೆ ಕೆಂಪು ಪೆನ್ನಿನ ಗೆರೆ. ಸೊನ್ನೆ. ಪುಸ್ತಕದ ಉತ್ತರವನ್ನು ಮೂರು ಸಲ ಬರೆದು ತರಬೇಕು ಎಂಬ ಸೂಚನೆ ಕೆಳಗೆ.

“ನಂದೇ ತಪ್ಪು ಅಮ್ಮ. ಪುಸ್ತಕದಲ್ಲಿ ಇದ್ದ ಹಾಗೇ ಬರೀಬೇಕಿತ್ತು” ಅಂದಳು. ಬೇಸರವೂ ಇರಲಿಲ್ಲ ಅವಳ ಮಾತಲ್ಲಿ. ನನಗೆ ಜಾಸ್ತಿ ನೋವಾದದ್ದು ಅದೇ.

ನಮ್ಮ ಮನೆ ಇರುವುದು ಉಡುಪಿಯಲ್ಲಿ, ಕೃಷ್ಣಮಠದ ರಥಬೀದಿಗೆ ನಡೆದೇ ಹೋಗುವಷ್ಟು ದೂರದಲ್ಲಿ. ಈಚೆಗೆ ಇಲ್ಲಿ ಯಾವ ಶಾಲೆಯ ವಾರ್ಷಿಕೋತ್ಸವಕ್ಕೆ ಹೋದರೂ ಒಂದು ಮಾತು ಕೇಳಿಯೇ ಕೇಳುತ್ತದೆ: ಈಗಿನ ಶಿಕ್ಷಣದಲ್ಲಿ ಆಧ್ಯಾತ್ಮ ಇಲ್ಲ, ಅದಕ್ಕೇ ಮಕ್ಕಳು ಹೀಗೆ. ಕೆಲವರು ಗೀತೆ ಕಲಿಸಿ ಅನ್ನುತ್ತಾರೆ, ಕೆಲವರು ದಿನಕ್ಕೆ ಹತ್ತು ನಿಮಿಷ ಧ್ಯಾನ ಮಾಡಿಸಿ ಅನ್ನುತ್ತಾರೆ. ಇನ್ನೊಂದು ಕಡೆಯವರು, ಶಾಲೆಗೂ ಧರ್ಮಕ್ಕೂ ಸಂಬಂಧವೇ ಬೇಡ, ವಿಜ್ಞಾನ ಸಾಕು ಅನ್ನುತ್ತಾರೆ. ಈ ಎರಡೂ ಕಡೆಯವರ ಮಾತಿನಲ್ಲಿ ಆಧ್ಯಾತ್ಮ ಅಂದರೆ ಒಂದು ‘ವಿಷಯ’. ಬೇಕಿದ್ದರೆ ಟೈಮ್‌ಟೇಬಲ್‌ಗೆ ಸೇರಿಸಬಹುದು, ಬೇಡದಿದ್ದರೆ ತೆಗೆಯಬಹುದು. ನನಗೆ ಕಾಣುವುದು ಬೇರೆ. ನಮ್ಮ ಊರಿನ ಆಧ್ಯಾತ್ಮ ಪರಂಪರೆಗಳು ಶಿಕ್ಷಣಕ್ಕೆ ಕೊಡಬಹುದಾದ ದೊಡ್ಡ ವಸ್ತು ಪಾಠವಲ್ಲ, ಪ್ರಶ್ನೆ ಕೇಳುವ ರೀತಿ. ನಾವು ಅದನ್ನು ಬಿಟ್ಟು ಬರೀ ಶ್ಲೋಕ ತೆಗೆದುಕೊಂಡಿದ್ದೇವೆ.

ಮೊದಲು ನಮ್ಮ ಜಿಲ್ಲೆಗಳ ಸ್ಥಿತಿ ನೋಡುವ. 2024ರ ಎಸ್‌ಎಸ್‌ಎಲ್‌ಸಿಯಲ್ಲಿ ಇಡೀ ರಾಜ್ಯದ ಫಲಿತಾಂಶ ಶೇ 73.40ಕ್ಕೆ ಇಳಿದಾಗಲೂ ಉಡುಪಿ ಶೇ 94 ತೆಗೆದು ಮೊದಲ ಸ್ಥಾನದಲ್ಲಿತ್ತು, ದಕ್ಷಿಣ ಕನ್ನಡ ಎರಡನೆಯದು. 2025ರಲ್ಲಿ ದಕ್ಷಿಣ ಕನ್ನಡ ಮೊದಲು, ಉಡುಪಿ ಎರಡನೆಯದು. ಪಿಯುಸಿಯಲ್ಲೂ ಈ ಎರಡೇ ಜಿಲ್ಲೆ ಮೇಲೆ. 2005ರ ಕರ್ನಾಟಕ ಮಾನವ ಅಭಿವೃದ್ಧಿ ವರದಿಯಲ್ಲಿ ಬೆಂಗಳೂರು ನಗರ ಬಿಟ್ಟರೆ ಮುಂದಿನ ಎರಡು ಸ್ಥಾನ ನಮ್ಮವೇ. ಇದು ಸಣ್ಣ ಸಾಧನೆ ಅಲ್ಲ. ಇದರ ಹಿಂದೆ ನೂರೈವತ್ತು ವರ್ಷಗಳ ಶಾಲೆಗಳಿವೆ, ಬೀಡಿ ಕಟ್ಟಿ ಮಕ್ಕಳನ್ನು ಓದಿಸಿದ ತಾಯಂದಿರಿದ್ದಾರೆ.

ಆದರೆ ಮಾನವ ಅಭಿವೃದ್ಧಿ ಅನ್ನುವ ಲೆಕ್ಕ ಶುರುವಾದದ್ದು ಯಾಕೆ ಅಂತ ನೆನಪಿಟ್ಟುಕೊಳ್ಳಬೇಕು. 1990ರಲ್ಲಿ ಮಹಬೂಬ್ ಉಲ್ ಹಕ್ ವಿಶ್ವಸಂಸ್ಥೆಗಾಗಿ ಮೊದಲ ವರದಿ ಮಾಡಿದಾಗ, ಅಮರ್ತ್ಯ ಸೇನ್ ಅವರ ಯೋಚನೆ ಅದರ ಬುಡದಲ್ಲಿತ್ತು: ದೇಶದ ಹತ್ತಿರ ಎಷ್ಟು ದುಡ್ಡಿದೆ ಅನ್ನುವುದಕ್ಕಿಂತ, ಅಲ್ಲಿನ ಮನುಷ್ಯ ಏನು ಆಗಬಲ್ಲ, ಏನು ಮಾಡಬಲ್ಲ ಅನ್ನುವುದು ಮುಖ್ಯ. ಅಳೆಯಲಿಕ್ಕೆ ಸುಲಭ ಅಂತ ಆಯುಷ್ಯ, ಓದು, ಆದಾಯ ಮೂರನ್ನು ಹಿಡಿದರು. ನಾವು ಆ ಮೂರರಲ್ಲೇ ನಿಂತುಬಿಟ್ಟೆವು. ಶೇ 94 ತೆಗೆದ ಜಿಲ್ಲೆಯ ಮಗು ತನ್ನ ಮನಸ್ಸಿಗೆ ಬಂದ ಪ್ರಶ್ನೆಯನ್ನು ಪರೀಕ್ಷೆಯಲ್ಲಿ ಬರೆದದ್ದೇ ತಪ್ಪು ಅಂತ ನಂಬಿದರೆ, ಅವಳು ‘ಏನು ಆಗಬಲ್ಲಳು’ ಅನ್ನುವುದರಲ್ಲಿ ಏನೋ ಒಂದು ಕಡಿಮೆಯಾಯಿತು ಅಂತಲೇ ಅರ್ಥ.

ಈಗ ಸರ್ಕಾರದ ಕಡೆಯಿಂದ ಏನಾಗುತ್ತಿದೆ ಅಂದರೆ, 2022ರ ಅಕ್ಟೋಬರ್‌ನಲ್ಲಿ 3ರಿಂದ 8 ವರ್ಷದ ಮಕ್ಕಳಿಗಾಗಿ ಒಂದು ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟು ಬಂತು. ಅದರಲ್ಲಿ ಮಗುವಿನ ಬೆಳವಣಿಗೆಯನ್ನು ‘ಪಂಚಕೋಶ’ದ ಮೂಲಕ ವಿವರಿಸಿದ್ದಾರೆ. ಅನ್ನಮಯ ಅಂದರೆ ದೇಹ, ಪ್ರಾಣಮಯ ಅಂದರೆ ಉಸಿರು ಮತ್ತು ಚೈತನ್ಯ, ಮನೋಮಯ ಅಂದರೆ ಭಾವನೆ, ವಿಜ್ಞಾನಮಯ ಅಂದರೆ ಬುದ್ಧಿ, ಆನಂದಮಯ ಅಂದರೆ ಒಳಗಿನ ಸಂತೋಷ. ಕರ್ನಾಟಕ ಕೇಂದ್ರದ ಶಿಕ್ಷಣ ನೀತಿ ಬೇಡ ಅಂತ ಬೇರೆ ದಾರಿ ಹಿಡಿಯಿತು, ಸುಖದೇವ್ ಥೋರಟ್ ಅಧ್ಯಕ್ಷತೆಯ ಆಯೋಗ 2025ರ ಆಗಸ್ಟ್‌ನಲ್ಲಿ ವರದಿ ಕೊಟ್ಟಿತು. ಆದರೂ ಖಾಸಗಿ ಶಾಲೆಗಳ ಕರಪತ್ರಗಳಲ್ಲಿ ‘ಪಂಚಕೋಶ ವಿಕಾಸ’ ಅನ್ನುವ ಮಾತು ಈಗ ಸಾಮಾನ್ಯ.

ಮಗುವನ್ನು ಬರೀ ತಲೆಯಾಗಿ ನೋಡಬೇಡಿ, ಹೊಟ್ಟೆ, ಉಸಿರು, ಮನಸ್ಸು ಎಲ್ಲ ಸೇರಿ ಮಗು ಅನ್ನುವ ಮಾತು ಒಳ್ಳೆಯದೇ. ನನ್ನ ತಕರಾರು ಬೇರೆ. ಇದು ಬಂದದ್ದು ತೈತ್ತಿರೀಯ ಉಪನಿಷತ್ತಿನಿಂದ, ಅಲ್ಲಿ ಇದು ಐದು ಪೆಟ್ಟಿಗೆಗಳ ಚಾರ್ಟ್ ಅಲ್ಲ, ಒಂದು ಕಲಿಕೆಯ ಕಥೆ. ಭೃಗು ಅನ್ನುವ ಹುಡುಗ ಅಪ್ಪ ವರುಣನ ಹತ್ತಿರ ಹೋಗಿ ಬ್ರಹ್ಮ ಅಂದರೇನು ಹೇಳಿಕೊಡು ಅನ್ನುತ್ತಾನೆ. ಅಪ್ಪ ಒಂದು ಸುಳಿವು ಕೊಡುತ್ತಾನೆ: ಯಾವುದರಿಂದ ಇದೆಲ್ಲ ಹುಟ್ಟುತ್ತದೋ, ಯಾವುದರಿಂದ ಬದುಕುತ್ತದೋ, ಯಾವುದಕ್ಕೆ ಮರಳುತ್ತದೋ ಅದನ್ನು ಹುಡುಕು. ತಪಸ್ಸಿನಿಂದ ತಿಳಿದುಕೋ. ಹುಡುಗ ಹೋಗುತ್ತಾನೆ, ಯೋಚಿಸುತ್ತಾನೆ, ಅನ್ನವೇ ಬ್ರಹ್ಮ ಅಂತ ತಿಳಿದು ವಾಪಸ್ ಬರುತ್ತಾನೆ. ಅಪ್ಪ ಸರಿ ಅನ್ನುವುದಿಲ್ಲ, ತಪ್ಪು ಅಂತಲೂ ಅನ್ನುವುದಿಲ್ಲ. ಮತ್ತೆ ತಪಸ್ಸು ಮಾಡು, ತಿಳಿದುಕೋ. ಹುಡುಗ ಮತ್ತೆ ಹೋಗುತ್ತಾನೆ. ಪ್ರಾಣ ಅಂತ ಬರುತ್ತಾನೆ, ಮನಸ್ಸು ಅಂತ ಬರುತ್ತಾನೆ, ವಿಜ್ಞಾನ ಅಂತ ಬರುತ್ತಾನೆ. ಪ್ರತಿ ಸಲ ಅದೇ ಮಾತು. ಕೊನೆಗೆ ಆನಂದ ಅಂತ ತಿಳಿದ ಮೇಲೆ ಅಪ್ಪನ ಹತ್ತಿರ ಕೇಳಲಿಕ್ಕೆ ಬರುವುದೇ ಇಲ್ಲ.

ಅಪ್ಪನಿಗೆ ಉತ್ತರ ಗೊತ್ತಿತ್ತು, ಅಲ್ವಾ? ಮೊದಲ ದಿನವೇ ಹೇಳಿಬಿಡಬಹುದಿತ್ತು. ಮಗ ಐದು ಪಾಯಿಂಟ್ ಬರೆದುಕೊಂಡು ಬಾಯಿಪಾಠ ಮಾಡಿ ಐದಕ್ಕೆ ಐದು ತೆಗೆಯಬಹುದಿತ್ತು. ಹಾಗೆ ಮಾಡಲಿಲ್ಲ ಅನ್ನುವುದೇ ಆ ಕಥೆ. ಮಗನ ಅರ್ಧ ಉತ್ತರವನ್ನು ಅಪ್ಪ ಕೆಂಪು ಗೆರೆ ಎಳೆದು ಹೊಡೆದುಹಾಕಲಿಲ್ಲ, ಅದನ್ನೇ ಮೆಟ್ಟಿಲು ಮಾಡಿದ. ನಾವು ಆ ಕಥೆಯಿಂದ ಐದು ಹೆಸರು ಮಾತ್ರ ಕಿತ್ತು ತಂದು, ಹೆಸರುಗಳನ್ನು ಮಕ್ಕಳಿಗೆ ಕಂಠಪಾಠ ಮಾಡಿಸುತ್ತೇವೆ.

ಉಡುಪಿಯವರಾಗಿ ಇನ್ನೊಂದು ಮಾತು ಗಮನಿಸಬೇಕು. ಈ ಐದನ್ನು ಮನುಷ್ಯನನ್ನು ಸುತ್ತಿದ ಐದು ‘ಕೋಶ’ ಅಂದರೆ ಪದರ ಅಂತ ಓದುವುದು ಅದ್ವೈತದ ಕಡೆಯಿಂದ ಹೆಚ್ಚು ಪ್ರಚಾರವಾದ ಓದು. ಮಧ್ವಾಚಾರ್ಯರು ಇದನ್ನು ಹಾಗೆ ಓದಲಿಲ್ಲ. ಅವರ ಪ್ರಕಾರ ಅನ್ನಮಯದಿಂದ ಆನಂದಮಯದವರೆಗಿನ ಐದೂ ಭಗವಂತನದೇ ರೂಪಗಳು: ಅನಿರುದ್ಧ, ಪ್ರದ್ಯುಮ್ನ, ಸಂಕರ್ಷಣ, ವಾಸುದೇವ, ನಾರಾಯಣ. ಅಂದರೆ ‘ಭಾರತೀಯ ದೃಷ್ಟಿ’ ಅಂತ ಒಂದೇ ವಾಕ್ಯದಲ್ಲಿ ಪಠ್ಯಕ್ರಮ ಹೇಳುವ ವಿಷಯದಲ್ಲೇ, ಕೃಷ್ಣಮಠದ ಅಂಗಳದಲ್ಲಿ ಏಳುನೂರು ವರ್ಷಗಳಿಂದ ಬೇರೆ ಅಭಿಪ್ರಾಯ ಇದೆ. ಯಾವ ಓದು ಸರಿ ಅಂತ ತೀರ್ಮಾನಿಸುವಷ್ಟು ನನಗೆ ಸಂಸ್ಕೃತ ಬಾರದು. ಆದರೆ ಇಷ್ಟು ಹೇಳಬಲ್ಲೆ: ದೊಡ್ಡವರು ಒಂದೇ ಸಾಲಿಗೆ ಎರಡು ಅರ್ಥ ಹೇಳಿದರು, ಜಗಳ ಆಡಿದರು, ಪುಸ್ತಕ ಬರೆದರು ಅನ್ನುವುದನ್ನು ಮಕ್ಕಳಿಂದ ಮುಚ್ಚಿಟ್ಟರೆ, ನಾವು ಕೊಡುತ್ತಿರುವುದು ತತ್ತ್ವಶಾಸ್ತ್ರ ಅಲ್ಲ.

ಮಧ್ವರ ಬಾಲ್ಯದ ಕಥೆಗಳೇ ನೋಡಿ. ನಾರಾಯಣ ಪಂಡಿತಾಚಾರ್ಯರು ಬರೆದ ಅವರ ಜೀವನಚರಿತ್ರೆ ಸುಮಧ್ವವಿಜಯದಲ್ಲಿ ಬರುತ್ತವೆ, ಅವರು ಹುಟ್ಟಿದ ಪಾಜಕಕ್ಕೆ ಹೋದವರೆಲ್ಲ ಅಷ್ಟಿಷ್ಟು ಕೇಳಿರುತ್ತಾರೆ. ಅಪ್ಪ ಅಕ್ಷರ ಬರೆಸಿದ ಮರುದಿನ ಮತ್ತೆ ಅದೇ ಅಕ್ಷರ ಬರೆಸಲು ಕೂತರೆ, ನಿನ್ನೆ ಬರೆದದ್ದನ್ನೇ ಇವತ್ತೂ ಯಾಕೆ ಅಂತ ಮಗು ಕೇಳುತ್ತದೆ. ಅಪ್ಪ ಪುರಾಣ ಹೇಳುವಾಗ ಒಂದು ಮರದ ಹೆಸರಿನ ಅರ್ಥ ಬಿಟ್ಟರೆ, ಸಭೆಯ ನಡುವೆಯೇ ಮಗು ಅದನ್ನು ಎತ್ತಿ ತೋರಿಸುತ್ತದೆ. ಸನ್ಯಾಸ ತೆಗೆದುಕೊಂಡ ಮೇಲೆ ಗುರು ಅಚ್ಯುತಪ್ರೇಕ್ಷರು ‘ಇಷ್ಟಸಿದ್ಧಿ’ ಎಂಬ ಅದ್ವೈತ ಗ್ರಂಥದ ಪಾಠ ಹೇಳಲು ಕೂತರೆ, ಶಿಷ್ಯ ಮೊದಲ ಶ್ಲೋಕದಲ್ಲೇ ದೋಷಗಳನ್ನು ಹುಡುಕುತ್ತಾನೆ. ಮುಂದೆ ಗುರುವೇ ಶಿಷ್ಯನ ಮತವನ್ನು ಒಪ್ಪಿಕೊಂಡರು. ನಾವು ಇವನ್ನೆಲ್ಲ ‘ಅವರು ವಾಯುದೇವರ ಅವತಾರ, ಅದಕ್ಕೇ ಹಾಗೆ’ ಅಂತ ಹೇಳಿ ಕೈಮುಗಿಯುತ್ತೇವೆ. ಭಕ್ತಿ ಇರಲಿ, ನನಗೂ ಇದೆ. ಆದರೆ ಎದ್ದು ನಿಂತು ಕೇಳುವ ಹುಡುಗನ ಕಥೆಯನ್ನು ಹೇಳಿಕೊಂಡೇ, ಎದ್ದು ನಿಂತು ಕೇಳುವ ನಮ್ಮ ಮಕ್ಕಳನ್ನು ಕೂರಿಸುತ್ತೇವಲ್ಲ.

ಮಧ್ವರು ‘ಕಥಾಲಕ್ಷಣ’ ಅಂತ ಒಂದು ಪುಟ್ಟ ಗ್ರಂಥವನ್ನೇ ಬರೆದಿದ್ದಾರೆ. ಇದು ಕಥೆಯ ಬಗ್ಗೆ ಅಲ್ಲ, ಚರ್ಚೆಯ ನಿಯಮಗಳ ಬಗ್ಗೆ. ಚರ್ಚೆಯಲ್ಲಿ ಮೂರು ಬಗೆ. ಸತ್ಯ ತಿಳಿಯಬೇಕು ಅನ್ನುವ ಒಂದೇ ಆಸೆಯಿಂದ ನಡೆಯುವುದು ವಾದ. ಗೆಲ್ಲಬೇಕು, ಹೆಸರು ಬರಬೇಕು ಅಂತ ನಡೆಯುವುದು ಜಲ್ಪ. ತನ್ನ ನಿಲುವು ಏನು ಅಂತ ಮುಂದಿಡದೆ ಎದುರಿನವನ ಮಾತನ್ನು ಮುರಿಯುವುದು ವಿತಂಡ. ನಮ್ಮ ಟಿವಿ ಚರ್ಚೆಗಳು, ವಾಟ್ಸಾಪ್ ಗುಂಪುಗಳು ಇವೆಲ್ಲ ಯಾವುದಕ್ಕೆ ಸೇರುತ್ತವೆ ಅಂತ ಎಂಟನೇ ಕ್ಲಾಸಿನ ಮಕ್ಕಳಿಗೆ ಕೇಳಿದರೆ ಸರಿಯಾಗಿಯೇ ಹೇಳುತ್ತಾರೆ. ಒಂದು ವಾರದ ಕ್ಲಾಸಿಗೆ ಸಾಕಾಗುವಷ್ಟು ವಸ್ತು ಇದರಲ್ಲಿದೆ. ಯಾವ ಜಾತಿಯ, ಯಾವ ಧರ್ಮದ ಮಗುವೂ ಕೂತು ಕಲಿಯಬಹುದಾದದ್ದು. ಅದನ್ನು ಕಲಿಸುವ ಶಾಲೆ ನನ್ನ ಕಣ್ಣಿಗೆ ಬಿದ್ದಿಲ್ಲ.

ಇಷ್ಟು ಹೇಳಿದ ಮೇಲೆ ಕಷ್ಟದ ಮಾತನ್ನೂ ಹೇಳಬೇಕು.

ಮಧ್ವ ಸಿದ್ಧಾಂತದಲ್ಲಿ ಪ್ರತಿ ಜೀವವೂ ಬೇರೆ. ಒಂದರ ಹಾಗೆ ಇನ್ನೊಂದಿಲ್ಲ. ಶಿಕ್ಷಕರಿಗೆ ಇದಕ್ಕಿಂತ ಒಳ್ಳೆಯ ಮಾತು ಸಿಗಲಿಕ್ಕಿಲ್ಲ. ನಲವತ್ತು ಮಕ್ಕಳನ್ನು ಒಂದೇ ಅಚ್ಚಿನಲ್ಲಿ ಒತ್ತಬೇಡಿ ಅಂತ ಹೇಳಲು ಬೇರೆ ಆಧಾರ ಬೇಕಾ? ಆದರೆ ಅದೇ ಸಿದ್ಧಾಂತದಲ್ಲಿ ತಾರತಮ್ಯವೂ ಇದೆ. ಜೀವಗಳ ಯೋಗ್ಯತೆ ಹುಟ್ಟಿನಿಂದ ಮಾತ್ರವಲ್ಲ, ಅನಾದಿಯಿಂದಲೇ ಬೇರೆ ಬೇರೆ. ಮುಕ್ತಿಗೆ ಯೋಗ್ಯರು, ಸಂಸಾರದಲ್ಲೇ ಸುತ್ತುವವರು, ತಮಸ್ಸಿಗೆ ಹೋಗುವವರು ಅಂತ ಮೂರು ಬಗೆ. ಇದು ಜೀವದ ಸ್ವರೂಪದ ಮಾತು, ಜಾತಿಯ ಮಾತಲ್ಲ, ಪರೀಕ್ಷೆಯ ಅಂಕದ ಮಾತಂತೂ ಅಲ್ಲವೇ ಅಲ್ಲ, ಯಾರ ಯೋಗ್ಯತೆ ಎಷ್ಟು ಅಂತ ಮನುಷ್ಯ ಹೇಳಲಾರ ಅಂತ ಬಲ್ಲವರು ವಿವರಿಸುತ್ತಾರೆ. ಒಪ್ಪುತ್ತೇನೆ. ಆದರೆ ಸಿದ್ಧಾಂತ ಗ್ರಂಥದಿಂದ ಕೆಳಗಿಳಿದು ಬೀದಿಗೆ ಬರುವಾಗ ಈ ಎಚ್ಚರಿಕೆಗಳೆಲ್ಲ ಉದುರಿಹೋಗುತ್ತವೆ. ‘ಅವನಿಗೆ ಅಷ್ಟೇ ಯೋಗ್ಯತೆ’, ‘ಅದು ಅವರ ಹಣೆಬರಹ’ ಅನ್ನುವ ಮಾತು ನಮ್ಮ ಮನೆಗಳಲ್ಲಿ, ಸ್ಟಾಫ್ ರೂಮುಗಳಲ್ಲಿ ಎಷ್ಟು ಸಲೀಸಾಗಿ ಬರುತ್ತದೆ ನೋಡಿ. ಯಾವ ಮತದವರೇ ಆಗಲಿ, ಆ ಮಾತು ಎಲ್ಲರ ಬಾಯಲ್ಲೂ ಬರುತ್ತದೆ.

ಈಗ ಅದಕ್ಕೆ ಹೊಸ ರೂಪ ಬಂದಿದೆ. ನನ್ನ ಅಕ್ಕನ ಮಗ ಪಿಯುಸಿಗೆ ಸೇರಿದ ಕಾಲೇಜಿನಲ್ಲಿ ತಿಂಗಳಿಗೊಂದು ಟೆಸ್ಟ್, ಟೆಸ್ಟಿನ ಅಂಕ ನೋಡಿ ಬ್ಯಾಚ್. ಮೇಲಿನ ಬ್ಯಾಚಿಗೆ ಒಳ್ಳೆಯ ಲೆಕ್ಚರರ್, ಕೆಳಗಿನ ಬ್ಯಾಚಿಗೆ ಉಳಿದವರು. ಬ್ಯಾಚ್ ಬದಲಾದ ದಿನ ಹಾಸ್ಟೆಲ್ ರೂಮೂ ಬದಲು, ಊಟದ ಸಾಲಿನಲ್ಲಿ ಜೊತೆಗಿರುವವರೂ ಬದಲು. ಒಂದು ಸಲ ಕೆಳಗಿಳಿದಾಗ ಅವನು ಫೋನ್ ಮಾಡಿ “ಚಿಕ್ಕಮ್ಮ, ಅಮ್ಮನ ಹತ್ರ ಹೇಳ್ಬೇಡಿ” ಅಂದ. ಹದಿನಾರು ವರ್ಷದ ಹುಡುಗ. ಮತ್ತೆ ಮೇಲೆ ಹತ್ತಿದ, ಈಗ ಚೆನ್ನಾಗಿದ್ದಾನೆ. ಆದರೆ ಆ ರಾತ್ರಿ ಅವನ ದನಿಯಲ್ಲಿ ಇದ್ದದ್ದು ಅಂಕ ಹೋದ ಬೇಸರ ಅಲ್ಲ, ತಾನು ಕೀಳು ಅನ್ನುವ ಭಾವ.

2022ರಲ್ಲಿ ದೇಶದಲ್ಲಿ 13 ಸಾವಿರಕ್ಕೂ ಹೆಚ್ಚು ವಿದ್ಯಾರ್ಥಿಗಳು ಆತ್ಮಹತ್ಯೆ ಮಾಡಿಕೊಂಡರು. 2025ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಈ ಬಗ್ಗೆ ಮಾರ್ಗಸೂಚಿ ಕೊಟ್ಟಿತು. 100 ಅಥವಾ ಅದಕ್ಕಿಂತ ಹೆಚ್ಚು ವಿದ್ಯಾರ್ಥಿಗಳಿರುವ ಸಂಸ್ಥೆಗಳಲ್ಲಿ ತರಬೇತಿ ಪಡೆದ ಆಪ್ತ ಸಮಾಲೋಚಕರು ಇರಬೇಕು, ಅಂಕದ ಮೇಲೆ ಮಕ್ಕಳನ್ನು ಬ್ಯಾಚ್ ಬ್ಯಾಚ್ ಆಗಿ ಒಡೆಯಬಾರದು, ಎಲ್ಲರ ಎದುರು ಅವಮಾನ ಮಾಡಬಾರದು ಅಂತ ಅದರಲ್ಲಿ ಇದೆ. ಅಂದರೆ ಮಗುವಿನ ಬೆಲೆಯನ್ನು ಅದರ ರ‍್ಯಾಂಕಿನಿಂದ ಬೇರೆ ಮಾಡಿ ನೋಡಿ ಅಂತ ಹೇಳಲಿಕ್ಕೆ ಕೋರ್ಟು ಬರಬೇಕಾಯಿತು. ನಮ್ಮ ಮಠ, ಮಂದಿರ, ಚರ್ಚು, ಮಸೀದಿಗಳು ಇದನ್ನು ಮೊದಲೇ ಗಟ್ಟಿಯಾಗಿ ಹೇಳಬೇಕಿತ್ತು. ಆಧ್ಯಾತ್ಮಕ್ಕೆ ಶಿಕ್ಷಣದಲ್ಲಿ ಮಾಡಲು ಕೆಲಸ ಇದ್ದರೆ ಅದು ಇಲ್ಲೇ ಇದೆ.

ಮಾಡಿದವರೂ ಇದ್ದರು, ನಮ್ಮ ಊರಲ್ಲೇ. ಮಂಗಳೂರಿನ ಪುರಭವನದ ಮೇಲೆ ಹೆಸರಿದೆಯಲ್ಲ, ಕುದ್ಮುಲ್ ರಂಗರಾವ್. ವಕೀಲರು, ಸಾರಸ್ವತ ಬ್ರಾಹ್ಮಣರ ಮನೆಯವರು, ಬ್ರಹ್ಮ ಸಮಾಜದ ನಂಬಿಕೆಯವರು. 1890ರ ದಶಕದಲ್ಲಿ ಅವರು ದಲಿತ ಮಕ್ಕಳಿಗೆ ಶಾಲೆ ತೆರೆದರು, 1897ರಲ್ಲಿ ಅದಕ್ಕಾಗಿ ಒಂದು ಮಿಷನ್ ಕಟ್ಟಿದರು. ಸ್ವಂತ ಜಾತಿಯವರೇ ಬಹಿಷ್ಕಾರ ಹಾಕಿದರು. ತನ್ನ ಶಾಲೆಯಲ್ಲಿ ಕಲಿತ ಮಗುವೊಂದು ದೊಡ್ಡ ಹುದ್ದೆಗೆ ಹೋಗಿ, ಅದರ ಕಾರು ಎಬ್ಬಿಸಿದ ಧೂಳು ತನ್ನ ತಲೆಗೆ ತಾಗಿದರೆ ಜನ್ಮ ಸಾರ್ಥಕ ಅಂತ ಅವರು ಹೇಳಿದ್ದನ್ನು ಮಂಗಳೂರಿನವರು ಇವತ್ತಿಗೂ ನೆನಪಿಸಿಕೊಳ್ಳುತ್ತಾರೆ. ಕೊನೆಗಾಲದಲ್ಲಿ ಅವರು ಸನ್ಯಾಸ ತೆಗೆದುಕೊಂಡರು. ನನ್ನ ಕಣ್ಣಿಗೆ ಆ ಸನ್ಯಾಸ ಶುರುವಾದದ್ದು ಶಾಲೆ ತೆರೆದ ದಿನವೇ. ‘ಎಲ್ಲರಲ್ಲೂ ಒಂದೇ ದೇವರು’ ಅಂತ ಭಾಷಣ ಮಾಡುವುದು ಬೇರೆ, ಆ ಮಾತನ್ನು ನಂಬಿ ಒಂದು ಸ್ಲೇಟು ತಂದು ಮಗುವಿನ ಕೈಗೆ ಕೊಡುವುದು ಬೇರೆ.

ಕೇರಳದ ನಾರಾಯಣ ಗುರುಗಳ ದಾರಿಯೂ ಹಾಗೇ. ಬಿಲ್ಲವರನ್ನು ದೇವಸ್ಥಾನದೊಳಗೆ ಬಿಡದ ಕಾಲದಲ್ಲಿ ಅವರ ಮುಂದಾಳು ಸಾಹುಕಾರ್ ಕೊರಗಪ್ಪನವರ ಕರೆಗೆ ಓಗೊಟ್ಟು ಮಂಗಳೂರಿಗೆ ಬಂದು, 1912ರಲ್ಲಿ ಕುದ್ರೋಳಿಯಲ್ಲಿ ಗೋಕರ್ಣನಾಥನ ಪ್ರತಿಷ್ಠೆ ಮಾಡಿದರು. ಈಗ ಮಂಗಳೂರು ದಸರಾ ಅಂದ ಕೂಡಲೇ ಎಲ್ಲರಿಗೂ ಕುದ್ರೋಳಿ ನೆನಪಾಗುತ್ತದೆ. ಆದರೆ ದೇವಸ್ಥಾನ ಕಟ್ಟಿಸಿದ ಅದೇ ಗುರುಗಳು ಕೆಲವೇ ವರ್ಷಗಳಲ್ಲಿ, ದೇವಸ್ಥಾನ ಇಷ್ಟು ಸಾಕು, ಇನ್ನು ವಿದ್ಯಾಲಯವೇ ಮುಖ್ಯ ದೇವಾಲಯ ಆಗಬೇಕು ಅಂದರು. ವಿದ್ಯೆಯಿಂದ ಸ್ವತಂತ್ರರಾಗಿ ಅನ್ನುವುದು ಅವರ ಮಾತು. ‘ವಿದ್ಯೆಯಿಂದ ಶ್ರೀಮಂತರಾಗಿ’ ಅನ್ನಲಿಲ್ಲ. 1924ರಲ್ಲಿ ಆಲುವದಲ್ಲಿ ಸರ್ವಧರ್ಮ ಸಮ್ಮೇಳನ ಮಾಡಿದಾಗ, ಇದು ವಾದಿಸಿ ಗೆಲ್ಲಲಿಕ್ಕೆ ಅಲ್ಲ, ತಿಳಿಯಲಿಕ್ಕೆ ಮತ್ತು ತಿಳಿಸಲಿಕ್ಕೆ ಅಂತ ಬಾಗಿಲಲ್ಲೇ ಬರೆಸಿದ್ದರು. ಕಥಾಲಕ್ಷಣದಲ್ಲಿ ‘ವಾದ’ ಅಂದದ್ದೂ ಇದನ್ನೇ ಅಲ್ವಾ? ಒಬ್ಬರು ದ್ವೈತಿ, ಇನ್ನೊಬ್ಬರು ಅದ್ವೈತಿ, ನಡುವೆ ಆರುನೂರು ವರ್ಷಕ್ಕಿಂತ ಹೆಚ್ಚಿನ ಅಂತರ. ಆದರೂ ಚರ್ಚೆ ಹೇಗಿರಬೇಕು ಅನ್ನುವ ಮಾತಿನಲ್ಲಿ ಇಬ್ಬರೂ ಒಂದೇ ಕಡೆ ಬಂದು ನಿಲ್ಲುತ್ತಾರೆ.

ಈ ಕಡೆ ಮಕ್ಕಳ ದಿನ ಹೇಗಿರುತ್ತದೆ ಅಂತ ಸ್ವಲ್ಪ ನೋಡಿ. ಬ್ಯಾರಿ ಮಕ್ಕಳು, ಅಂದರೆ ಕರಾವಳಿಯ ಮುಸ್ಲಿಂ ಮಕ್ಕಳು, ಬೆಳಿಗ್ಗೆ ಮದ್ರಸಕ್ಕೆ ಹೋಗಿ ಆಮೇಲೆ ಶಾಲೆಗೆ ಬರುತ್ತಾರೆ. ಕ್ರೈಸ್ತ ಮಕ್ಕಳಿಗೆ ಭಾನುವಾರ ಇಗರ್ಜಿಯಲ್ಲಿ ಧರ್ಮೋಪದೇಶದ ಕ್ಲಾಸು. ಹಿಂದೂ ಮಕ್ಕಳು ಸಂಜೆ ಭಜನಾ ಮಂದಿರಕ್ಕೆ, ಈಗ ಕುಣಿತ ಭಜನೆಯಂತೂ ಊರೂರಲ್ಲಿ. ಅಂದರೆ ಧರ್ಮದ ಪಾಠ ಸಿಗದ ಮಕ್ಕಳು ಇಲ್ಲಿ ಕಡಿಮೆ. ‘ಕ್ರಿಯೆಗಳ ಬೆಲೆ ಉದ್ದೇಶದಲ್ಲಿದೆ’ ಅನ್ನುವ ನಿಯ್ಯತ್ತಿನ ಮಾತನ್ನು ಮದ್ರಸದ ಮಗು ಕೇಳಿರುತ್ತದೆ. 1880ರಿಂದ ಮಂಗಳೂರಿನಲ್ಲಿ ಕಾಲೇಜು ನಡೆಸುತ್ತಿರುವ ಜೆಸ್ವಿಟ್ ಪಾದ್ರಿಗಳ ಪರಂಪರೆಯಲ್ಲಿ ದಿನದ ಕೊನೆಗೆ ಸುಮ್ನೆ ಕೂತು, ಇವತ್ತು ನಾನು ಎಲ್ಲಿ ಸರಿ ಇದ್ದೆ, ಎಲ್ಲಿ ಜಾರಿದೆ ಅಂತ ಹಿಂತಿರುಗಿ ನೋಡುವ ಅಭ್ಯಾಸ ಇದೆ. ಮೂಡುಬಿದಿರೆಯ ಸಾವಿರ ಕಂಬದ ಬಸದಿಗೆ ಪ್ರವಾಸ ಹೋಗುವ ಮಕ್ಕಳಿಗೆ ಕಂಬ ಎಣಿಸಲು ಹೇಳುತ್ತೇವೆ. ಒಂದು ವಸ್ತುವನ್ನು ಹಲವು ಕಡೆಯಿಂದ ನೋಡಬಹುದು, ನನ್ನ ಮಾತು ಪೂರ್ತಿ ಸತ್ಯ ಅಲ್ಲದೆ ಇರಬಹುದು ಅನ್ನುವ ಜೈನರ ಅನೇಕಾಂತವನ್ನು ಅಲ್ಲೇ ಜಗಲಿಯಲ್ಲಿ ಕೂರಿಸಿ ಹೇಳಬಹುದಲ್ಲ. ಈ ಮಕ್ಕಳೆಲ್ಲ ಬೇರೆ ಬೇರೆ ಕಡೆ ಕಲಿತದ್ದನ್ನು ಒಟ್ಟಿಗೆ ತಂದು ಕೂರಬಹುದಾದ ಒಂದೇ ಜಾಗ ಶಾಲೆ. ಅಲ್ಲಿ ಮಾತ್ರ ಆ ಮಾತು ಬರುವುದಿಲ್ಲ.

ಬಂದಾಗ ಹೇಗೆ ಬಂತು ಅನ್ನುವುದನ್ನು ನಾವು ಉಡುಪಿಯವರು ಮರೆಯುವ ಹಾಗಿಲ್ಲ. 2021ರ ಕೊನೆ, 2022ರ ಶುರುವಿನಲ್ಲಿ ಹಿಜಾಬ್ ವಿಷಯ ಇಲ್ಲಿಂದಲೇ ಎದ್ದಿತು. ಶಾಲು, ಘೋಷಣೆ, ಕಾಲೇಜು ಗೇಟಿನ ಮುಂದೆ ಕ್ಯಾಮೆರಾಗಳು. ಮಾರ್ಚ್‌ನಲ್ಲಿ ಹೈಕೋರ್ಟ್ ತೀರ್ಪು, ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳಿಂದ ಎರಡು ಬೇರೆ ತೀರ್ಪು. ಆ ದಿನಗಳಲ್ಲಿ ಧರ್ಮದ ಗುರುತಿನ ಬಗ್ಗೆ ಎಲ್ಲರೂ ಮಾತಾಡಿದರು. ಒಂದೇ ಬೆಂಚಿನಲ್ಲಿ ಕೂತಿದ್ದ ಹುಡುಗಿಯರು ಒಬ್ಬರನ್ನೊಬ್ಬರು ‘ನಿನಗೆ ಇದು ಯಾಕೆ ಮುಖ್ಯ?’ ಅಂತ ಕೇಳಲು ಒಂದು ಪೀರಿಯಡ್ ಯಾರೂ ಕೊಡಲಿಲ್ಲ ಅನ್ನುವುದು ನನ್ನ ಮನಸ್ಸಿನಲ್ಲಿ ಇನ್ನೂ ಉಳಿದಿದೆ.

ಕಾನೂನು ಅಡ್ಡ ಬರುತ್ತದೆ ಅಂತ ಕೆಲವರು ಹೇಳುತ್ತಾರೆ. ಪೂರ್ತಿ ಸರ್ಕಾರದ ಹಣದಲ್ಲಿ ನಡೆಯುವ ಶಾಲೆಯಲ್ಲಿ ಧಾರ್ಮಿಕ ಬೋಧನೆ ಮಾಡುವ ಹಾಗಿಲ್ಲ ಅಂತ ಸಂವಿಧಾನದ 28ನೇ ವಿಧಿ ಹೇಳುತ್ತದೆ, ಅನುದಾನ ಪಡೆಯುವ ಶಾಲೆಗಳಲ್ಲಿ ಯಾರನ್ನೂ ಒತ್ತಾಯ ಮಾಡುವ ಹಾಗಿಲ್ಲ. ಒಳ್ಳೆಯ ನಿಯಮವೇ. ಆದರೆ ಧರ್ಮಗಳ ಬಗ್ಗೆ ತಿಳಿಸುವುದು ಬೇರೆ, ಒಂದು ಧರ್ಮವನ್ನು ಬೋಧಿಸುವುದು ಬೇರೆ ಅಂತ 2002ರಲ್ಲಿ ಸುಪ್ರೀಂ ಕೋರ್ಟೇ ಒಪ್ಪಿದೆ. ಪ್ರಶ್ನೆ ಕೇಳುವ ಕ್ಲಾಸಿಗೆ ಯಾವ ವಿಧಿಯೂ ಅಡ್ಡಿಯಿಲ್ಲ.

ಧ್ಯಾನದ ಬಗ್ಗೆಯೂ ಎರಡು ಮಾತು. ಬ್ರಿಟನ್‌ನಲ್ಲಿ 85 ಶಾಲೆಗಳ 8 ಸಾವಿರಕ್ಕೂ ಹೆಚ್ಚು ಹದಿಹರೆಯದ ಮಕ್ಕಳ ಮೇಲೆ ಒಂದು ದೊಡ್ಡ ಅಧ್ಯಯನ ಮಾಡಿದರು, 2022ರಲ್ಲಿ ಫಲಿತಾಂಶ ಬಂತು. ಮೈಂಡ್‌ಫುಲ್‌ನೆಸ್ ಪಾಠ ಪಡೆದ ಮಕ್ಕಳ ಮಾನಸಿಕ ಆರೋಗ್ಯ, ಉಳಿದ ಮಕ್ಕಳಿಗಿಂತ ಉತ್ತಮ ಆಗಿರಲಿಲ್ಲ. ಹೆಚ್ಚಿನ ಮಕ್ಕಳು ಮನೆಯಲ್ಲಿ ಅಭ್ಯಾಸವನ್ನೇ ಮಾಡಿರಲಿಲ್ಲ. ಧ್ಯಾನ ವ್ಯರ್ಥ ಅಂತ ಇದರ ಅರ್ಥ ಅಲ್ಲ, ನಾನೇ ದಿನಾ ಸ್ವಲ್ಪ ಹೊತ್ತು ಕೂರುತ್ತೇನೆ. ಒಳಗಿನಿಂದ ಬೇಕು ಅನಿಸದೆ, ಗಂಟೆ ಹೊಡೆದು ಕಣ್ಣು ಮುಚ್ಚಿಸಿದರೆ ಅದು ಇನ್ನೊಂದು ಡ್ರಿಲ್ ಆಗುತ್ತದೆ ಅಷ್ಟೆ. ಭೃಗುವಿನ ತಪಸ್ಸು ಅಪ್ಪ ಹೊಡೆದ ಗಂಟೆಯಿಂದ ಶುರುವಾಗಲಿಲ್ಲ, ಅವನದೇ ಪ್ರಶ್ನೆಯಿಂದ ಶುರುವಾಯಿತು. ದೆಹಲಿ ಸರ್ಕಾರಿ ಶಾಲೆಗಳಲ್ಲಿ 2018ರಲ್ಲಿ ತಂದ ‘ಹ್ಯಾಪಿನೆಸ್’ ತರಗತಿಯಲ್ಲಿ ನನಗೆ ಇಷ್ಟವಾದದ್ದೂ ಒಂದೇ ಅಂಶ: ಅದಕ್ಕೆ ಪರೀಕ್ಷೆ ಇರಲಿಲ್ಲ.

ಪ್ರಶ್ನೆಯನ್ನೇ ಇಟ್ಟುಕೊಂಡ ಒಂದು ಕಲೆ ನಮ್ಮ ಹತ್ತಿರ ಇದೆ. ತಾಳಮದ್ದಳೆ. ವೇಷ ಇಲ್ಲ, ಕುಣಿತ ಇಲ್ಲ, ಭಾಗವತರ ಪದ, ಮದ್ದಳೆ, ಮತ್ತೆ ಬರೀ ಮಾತು. ವಾಲಿವಧೆಯ ಪ್ರಸಂಗದಲ್ಲಿ ಬಾಣ ತಾಗಿ ಬಿದ್ದ ವಾಲಿ ರಾಮನನ್ನು ಕೇಳುತ್ತಾನೆ: ನಿನಗೂ ನನಗೂ ಏನು ದ್ವೇಷ? ಮರೆಯಲ್ಲಿ ನಿಂತು ಯಾಕೆ ಹೊಡೆದೆ? ಇದು ಯಾವ ಧರ್ಮ? ಸಭೆಯಲ್ಲಿ ಕೂತವರೆಲ್ಲ ರಾಮಭಕ್ತರೇ. ಆದರೂ ವಾಲಿಯ ಅರ್ಥಧಾರಿ, ಅಂದರೆ ವಾಲಿಯಾಗಿ ಮಾತಾಡುವವರು, ಚೆನ್ನಾಗಿ ಕೇಳಿದರೆ ಸಭೆ ತಲೆದೂಗುತ್ತದೆ. ರಾಮನ ಅರ್ಥಧಾರಿ ಉತ್ತರ ಹುಡುಕಿಕೊಂಡು ಕಷ್ಟಪಡಬೇಕು, ಆ ಕಷ್ಟವನ್ನು ನೋಡಲೆಂದೇ ಜನ ಬರುತ್ತಾರೆ. ದೇವರನ್ನು ಪ್ರಶ್ನಿಸಿದರೆ ಭಕ್ತಿ ಹೋಗುವುದಿಲ್ಲ ಅಂತ ನಮ್ಮ ಅಜ್ಜಂದಿರಿಗೆ ಗೊತ್ತಿತ್ತು. ಯಕ್ಷಶಿಕ್ಷಣದ ಹೆಸರಲ್ಲಿ ಉಡುಪಿಯ ಎಷ್ಟೋ ಶಾಲೆಗಳಲ್ಲಿ ಮಕ್ಕಳು ಈಗ ಹೆಜ್ಜೆ ಕಲಿಯುತ್ತಿದ್ದಾರೆ, ತುಂಬಾ ಸಂತೋಷದ ವಿಷಯ. ಹೆಜ್ಜೆಯ ಜೊತೆ ಅರ್ಥಗಾರಿಕೆಯನ್ನೂ ಕಲಿಸಿ ಅನ್ನುವುದು ನನ್ನ ಆಸೆ. ಒಂದು ವಾರ ವಾಲಿಯಾದ ಮಗು ಮುಂದಿನ ವಾರ ರಾಮ ಆಗಲಿ. ಎರಡೂ ಕಡೆ ನಿಂತು ಮಾತಾಡಿದ ಮಗುವಿಗೆ ಸತ್ಯ ಎಂದರೇನು ಅಂತ ಎರಡು ಅಂಕಕ್ಕೆ ಬರೆಯಲು ಸ್ವಲ್ಪ ಕಷ್ಟ ಆಗುತ್ತದೆ, ಆಗಲಿ.

ಟೆಸ್ಟ್ ಪೇಪರ್ ತೆಗೆದುಕೊಂಡು ಶಾಲೆಗೆ ಹೋಗಿದ್ದೆ. ಜಗಳ ಮಾಡಲಿಕ್ಕೆ ಅಲ್ಲ. ಕ್ಲಾಸ್ ಟೀಚರ್ ನನಗಿಂತ ಸಣ್ಣವರು, ಮೂರು ಸೆಕ್ಷನ್, ಸಾಲದ್ದಕ್ಕೆ ಮೌಲ್ಯ ಶಿಕ್ಷಣವೂ ಅವರದ್ದೇ ತಲೆ ಮೇಲೆ. “ನೂರಿಪ್ಪತ್ತು ಪೇಪರ್ ಮೇಡಂ, ಕೀ ಆನ್ಸರ್ ನೋಡಿ ಹಾಕಿದ್ದು. ಓದಿದ್ರೆ ಸೊನ್ನೆ ಕೊಡ್ತಿರ್ಲಿಲ್ಲ” ಅಂದರು. ಅವರ ಕಣ್ಣಲ್ಲಿ ನೀರಿತ್ತು. ಅವರಿಗೂ ಉಸಿರಾಡಲು ಸಮಯ ಕೊಡದೆ ಮಕ್ಕಳಿಗೆ ಪ್ರಾಣಮಯ ಕೋಶದ ಪಾಠ ಮಾಡಿ ಅನ್ನುವುದು ಹೇಗೆ? ಆಧ್ಯಾತ್ಮ ಶಿಕ್ಷಣ ಬೇಕು ಅನ್ನುವವರು ಶಿಕ್ಷಕರ ಸಂಖ್ಯೆ ಜಾಸ್ತಿ ಮಾಡಿ ಅಂತಲೂ ಅಷ್ಟೇ ಜೋರಾಗಿ ಕೇಳಬೇಕು. ಇಬ್ಬರೂ ಸ್ವಲ್ಪ ಹೊತ್ತು ಮಾತಾಡಿದೆವು. ಮೌಲ್ಯ ಶಿಕ್ಷಣಕ್ಕೆ ಅಂಕ ಬೇಡ ಅಂತ ಹೇಳುವ ಅಧಿಕಾರ ಅವರಿಗಿಲ್ಲ. ಶನಿವಾರದ ಕೊನೆಯ ಪೀರಿಯಡ್ ಮಾತ್ರ ಅವರ ಕೈಯಲ್ಲಿದೆ.

ಕಳೆದ ಶನಿವಾರ ಅವರು ಮಕ್ಕಳಿಗೆ ಚೀಟಿ ಕೊಟ್ಟು, ಹೆಸರು ಹಾಕದೆ ಒಂದೊಂದು ಪ್ರಶ್ನೆ ಬರೆಯಿರಿ ಅಂದರಂತೆ. ಪುಸ್ತಕದ್ದಲ್ಲ, ನಿಮ್ಮದೇ. ಮಗಳು ಮನೆಗೆ ಬಂದವಳೇ ಬ್ಯಾಗ್ ಕೆಳಗಿಡದೆ ಹೇಳತೊಡಗಿದಳು. ದೈವ ಮೈಮೇಲೆ ಬಂದಾಗ ಆ ಮನುಷ್ಯ ಎಲ್ಲಿರ್ತಾರೆ? ಫಸ್ಟ್ ಬಂದವನಿಗೆ ಖುಷಿ ಆಗದಿದ್ರೆ ಮತ್ತೆ ಯಾರಿಗೆ ಖುಷಿ? ಪ್ರಾರ್ಥನೆ ಮಾಡಿದ್ರೂ ನನ್ನ ಅಪ್ಪ ಗಲ್ಫಿಂದ ಯಾಕೆ ಬರ್ಲಿಲ್ಲ? ಸುಳ್ಳು ಹೇಳಿದ್ರೆ ಒಬ್ಬರಿಗೆ ಸಮಾಧಾನ ಆಗೋದಾದ್ರೆ ಹೇಳ್ಬಹುದಾ?

“ಟೀಚರ್ ಎಂತ ಉತ್ತರ ಹೇಳಿದ್ರು?” ಅಂತ ಕೇಳಿದೆ.

“ಹೇಳಲಿಲ್ಲ. ಒಂದೊಂದೇ ಚೀಟಿ ಜೋರಾಗಿ ಓದಿದ್ರು. ಮುಂದಿನ ಶನಿವಾರದವರೆಗೆ ಯೋಚನೆ ಮಾಡಿ, ಮತ್ತೆ ಕೂರುವ ಅಂದ್ರು.”